ಅಂಚಿನ ಪೆನ್ಸಿಲ್ ಬರಹ

ನಗಬೇಡಿ, ಇದನ್ನೊಮ್ಮೆ ಪೂರ್ತಿ ಕೇಳಿ. ನಾಲ್ಕು ವರ್ಷ ಒದ್ದಾಡಿ ನಾನೊಂದು ಗಣಿತದ ಪ್ರಮೇಯ ಸಾಧಿಸಿದ್ದೇನೆ. ಪಿಎಚ್‌ಡಿ ಪ್ರಬಂಧ ನಾಳೆ ಸಲ್ಲಿಸಬೇಕು. ಮೊನ್ನೆ ತಾಳಮಲೆಯ ನಮ್ಮ ಮನೆಗೆ ಅಂಚೆಯಲ್ಲಿ ನನ್ನ ಗಣಿತ ವಿಭಾಗದ್ದೇ ಹೊಸ ಟೊಪಾಲಜಿ ಪುಸ್ತಕ ಬಂತು. ಪ್ಲಾಸ್ಟಿಕ್ ಹರಿದು ತೆರೆದರೆ, ಪುಟದಂಚಿನಲ್ಲಿ ಪೆನ್ಸಿಲ್ ಬರಹ: ನನ್ನ ಪ್ರಮೇಯ ಸುಳ್ಳೆಂದು ತೋರಿಸಹೊರಟ ಒಂದು ಸಾಲು. ರಬ್ಬರಿನಿಂದ ಅಳಿಸಿದೆ. ಮರುದಿನ ಅದೇ ಸಾಲು ಮತ್ತೆ ಇತ್ತು, ಕೆಳಗೆ ಇನ್ನೆರಡು. ಸುಡುಬಿಸಿಲಲ್ಲೂ ಆ ಪುಟವೊಂದೇ ತಣ್ಣಗಿತ್ತು. ಲೆಕ್ಕ ಹಾಕಿ ನೋಡಿದೆ, ಮೂರೂ ಸಾಲು ಸರಿಯಾಗಿದ್ದವು.

ಇವತ್ತು ಮಧ್ಯಾಹ್ನ, ಮುಚ್ಚಿಟ್ಟ ಪುಸ್ತಕದೊಳಗಿಂದ ಕೆರೆಯುವ ಸದ್ದು. ಅವ್ವ ನಕ್ಕಳು. “ಇಲಿ ಸೇರ್ಕಂಡದ ಕಣ್ ಕೂಸೇ. ನಾಕೊರ್ಸದಿಂದ ನಿನ್ ಕೈಲಿ ಮುಗೀನಿಲ್ಲ, ಅದಾದ್ರೂ ಓದಿ ಮುಗುಸ್ಲಿ ಬುಡು.”

ಇನ್ನೊಂದೇ ಸಾಲು ಬಿದ್ದರೆ ಆ ಖಂಡನೆ ಪೂರ್ತಿ, ನನ್ನ ನಾಲ್ಕು ವರ್ಷ ಮಣ್ಣುಪಾಲು. ಈಗ ಸದ್ದು ನಿಂತಿದೆ. ನೀವಾಗಿದ್ದರೆ ಪುಸ್ತಕ ತೆರೆಯುತ್ತಿದ್ದಿರಾ?