ಸುಮ್ಮನಿದ್ದವರ ಬಣ್ಣ

ಬಲು ಹಿಂದೆ, ಲೋಕಗಳೆಲ್ಲ ಗಡಿಗೆ ಮೇಲೆ ಗಡಿಗೆ ಇಟ್ಟ ಹಾಗೆ ಒಂದರ ಮೇಲೊಂದು ಕೂತಿದ್ದ ಕಾಲದಲ್ಲಿ, ರಂಗುದುರ್ಗ ಅಂತ ಒಂದು ರಾಜ್ಯ ಇತ್ತು. ಅಲ್ಲಿನ ಜನ ಬರಿಗೈಯಲ್ಲಿ ಬಣ್ಣ ಕೀಳೋರು. ಹೂವಿನ ಹಳದಿ ಕಿತ್ತು ಸೀರೆಗೆ ಹಚ್ಚೋರು. ಕೆಳಗಿನ ಲೋಕಕ್ಕೆ ಕೈ ಇಳಿಬಿಟ್ಟು, ಅಲ್ಲಿನ ಹಸಿರು ಎತ್ತಿ ಅರಮನೆಗೆ ಬಳಿಯೋರು.

ಹಾಗಂತ ಅವರೇನು ಕಳ್ಳರಲ್ಲ. ಅವರಿಗೂ ಒಂದು ಧರ್ಮ ಇತ್ತು. ಬಣ್ಣ ಕೀಳೋ ಮುಂಚೆ 'ಕೊಡ್ತೀಯಾ?' ಅಂತ ಕೇಳಬೇಕು. ಬೇಡ ಅಂದ್ರೆ ಬಿಡಬೇಕು. ಸುಮ್ಮನಿದ್ರೆ ಒಪ್ಪಿದ ಹಾಗೆ. ಹೂವು ಯಾವತ್ತು ಬೇಡ ಅಂದಿದೆ ಹೇಳಿ? ಹಾಗಾಗಿ ಊರಿಗೆ ಊರೇ ಧರ್ಮವಂತರು!

ಆ ಊರಲ್ಲಿ ಮಾಂಕಾಳಿ ಅಂತ ಒಬ್ಬ ಬಣ್ಣಗಾರ ಹುಡುಗಿ. ಅವಳಿಗಿದ್ದದ್ದು ತಿಮ್ಮಿ ಅನ್ನೋ ತಂಗಿ ಒಬ್ಬಳೇ. ಒಂದಿನ ಮೇಲಿಂದ ಗಾಳಿ ಬೀಸಿದ ಹಾಗಾಯ್ತು, ತಿಮ್ಮಿಯ ಕೆನ್ನೆ ಬಣ್ಣ ಮಾಯ ಆಯ್ತು. ಆಮೇಲೆ ತುಟಿಯ ಕೆಂಪು ಹೋಯ್ತು, ಅದರ ಜೊತೆಗೆ ಮಾತೂ ಹೋಯ್ತು. ಇನ್ನು ಕಣ್ಣಿನ ಕಪ್ಪೂ ಹೋದ್ರೆ, ಹುಡುಗಿ ನೀರಲ್ಲಿ ನೀರು ಬೆರೆತ ಹಾಗೆ ಕಳೆದೇ ಹೋಗ್ತಾಳೆ. ಊರಿನ ಬೇರೆ ಮಕ್ಕಳೂ ಹಾಗೇ ಸಪ್ಪೆ ಆಗ್ತಿದ್ರು. ಮಾಂಕಾಳಿ ಅರಮನೆಗೆ ಓಡಿದ್ಳು.

"ಇದು ಮೇಲಿನ ಲೋಕದ ಮಾಂತ್ರಿಕ ಮಬ್ಬಯ್ಯನ ಕೆಲಸ," ಅಂದ ರಾಜ ಮಲ್ಲರಸ.

"ಹಾಗಾದ್ರೆ ಸೈನ್ಯ ಕಳಿಸಿ ಬುದ್ಧಿ," ಅಂದ್ಳು ಮಾಂಕಾಳಿ.

"ಸೈನ್ಯಕ್ಕೆ ನೆಗಡಿ."

"ಅಷ್ಟೂ ಜನಕ್ಕಾ?"

"ಒಟ್ಟಿಗೆ ಊಟ ಮಾಡ್ತಾರಲ್ಲಮ್ಮಾ."

ಇವರನ್ನ ನೆಚ್ಕೊಂಡ್ರೆ ಆಗಲ್ಲ ಅಂತ ಮಾಂಕಾಳಿ ದೊಡ್ಡ ಹಂಡೆಯಲ್ಲಿ ನೀರು ಕುದಿಸಿದ್ಳು, ಹಬೆ ಹಿಡ್ಕೊಂಡು ಮೇಲಕ್ಕೆ ಹತ್ತಿದ್ಳು. ದಾರೀಲಿ ಮೂರು ಬಾಗಿಲು.

ಮೊದಲನೇ ಬಾಗಿಲಲ್ಲಿ ಪಟ್ಟೆ ಇಲ್ಲದ ಹುಲಿ. "ನಿನ್ನ ಕೂದಲಿನ ಕಪ್ಪು ಕೊಡ್ತೀಯಾ?"

"ತಗೋ ಮಾರಾಯ." ಅವಳ ತಲೆ ಹತ್ತಿ ಹಾಗೆ ಬೆಳ್ಳಗಾಯ್ತು. ಹುಲಿ ಪಟ್ಟೆ ಬಳ್ಕೊಂಡು ದಾರಿ ಬಿಡ್ತು.

ಎರಡನೇ ಬಾಗಿಲಲ್ಲಿ ಹೆಬ್ಬಾವು. "ನಿನ್ನ ಕಣ್ಣಿನ ಕಪ್ಪು ಕೊಡ್ತೀಯಾ?"

"ಕೊಡಲ್ಲ. ನಮ್ಮ ತಿಮ್ಮಿನ ನೋಡಬೇಕು."

"ಬುಸ್ ಅಂದ್ರೆ?"

"ಹೆದರ್ತೀನಿ. ಆದ್ರೂ ಕೊಡಲ್ಲ."

ಹಾವು ಯೋಚನೆ ಮಾಡಿ, "ಸರಿ ಹೋಗು, ಕೇಳಿದ್ದು ನನ್ನ ಧರ್ಮ," ಅಂತ ಪಕ್ಕಕ್ಕೆ ಸರೀತು.

ಮೂರನೇ ಬಾಗಿಲು ಬರೀ ಬಿಳಿ. ನೀಲಿ ಬಳಿದ್ರೆ ಮಾತ್ರ ತೆಗೆಯೋ ಬಾಗಿಲು ಅದು. ಅಲ್ಲಿ ನೀಲಿ ಇದ್ದದ್ದು ಮಲಗಿದ್ದ ಒಂದು ಜಿಂಕೆ ಮೈಮೇಲೆ ಮಾತ್ರ.

"ಕೊಡ್ತೀಯಾ?" ಅಂದ್ಳು. ಜಿಂಕೆ ಸುಮ್ಮನಿತ್ತು. ಒಪ್ಪಿತು ಅಂತ ಮಾಂಕಾಳಿ ಕೈ ಇಟ್ಟಳು. ಜಿಂಕೆ ಚರ್ಮ ಅವಳ ಅಂಗೈ ಕೆಳಗೆ ಗಡಗಡ ನಡುಗ್ತು.

ಕೈ ಅಲ್ಲೇ ನಿಂತುಬಿಡ್ತು. ಚಾಪೆ ಮೇಲೆ ತಿಮ್ಮಿ ದಿನಾ ನಡುಗ್ತಿದ್ದದ್ದೂ ಹೀಗೇ. ಚಳಿ ಅಂತ ಇವಳು ಕಂಬಳಿ ಹೊದಿಸಿದ್ಳು!

"ಅಯ್ಯೋ, ನಿಂಗೆ ಬಾಯೇ ಇಲ್ಲ. ಬೇಡ ಅಂತ ಹೇಗೆ ಹೇಳ್ತೀಯ ಪಾಪ," ಅಂತ ಕೈ ತೆಗೆದು ಅದರ ಪಕ್ಕ ಸುಮ್ಮನೆ ಕೂತ್ಳು. ತುಂಬಾ ಹೊತ್ತಾದ ಮೇಲೆ ಜಿಂಕೆ ತಾನೇ ಎದ್ದು, ಬಾಗಿಲಿಗೆ ಕೆನ್ನೆ ಉಜ್ಜಿತು. ಒಂದು ಗೀಟು ನೀಲಿ ಅಂಟ್ತು. ಬಾಗಿಲು ತೆಗೀತು.

ಒಳಗೆ ಒಬ್ಬ ಕುಳ್ಳ ಮುದುಕ ಬುಟ್ಟಿ ತುಂಬಾ ತುಟಿಯ ಕೆಂಪು ಇಟ್ಕೊಂಡು ಗಿಳಿಗಳ ಕೊಕ್ಕಿಗೆ ಹಚ್ತಾ ಇದ್ದ.

"ಏಯ್ ಮಾಂತ್ರಿಕ! ಎಲ್ಲೋ ನನ್ನ ತಂಗಿ ತುಟಿ?"

ಮುದುಕ ಹೆದರಿ ಹಿಂದೆ ತಿರುಗಿ ನೋಡಿದ. "ಮಾಂತ್ರಿಕನಾ? ಎಲ್ಲಿದಾನೆ?"

"ನೀನೇ, ಮಬ್ಬಯ್ಯ!"

"ನಾನು ಬಣ್ಣಗಾರ ಕಣೇ ತಾಯಿ! ಕೆಳಗಿಂದ ತಗೊಂಡಿದ್ದು ನಿಜ. ಆದ್ರೆ ಕೇಳೇ ತಗೊಂಡೆ. ಒಬ್ಬರೂ ಬೇಡ ಅನ್ನಲಿಲ್ಲ."

"ನೀನು ಕೇಳಿದ್ದು ನಮಗೆ ಗಾಳಿ ಬೀಸಿದ ಹಾಗೆ ಇತ್ತು ಅಷ್ಟೇ! ಬೇಡ ಅನ್ನೋದು ಹೇಗೆ?"

ಮುದುಕನ ಕೈಯಿಂದ ಬುಟ್ಟಿ ಜಾರ್ತು. ಆಮೇಲೆ ಮೆಲ್ಲಗೆ ಕೇಳಿದ, "ನಿಮ್ಮ ಕೆಳಗೂ ಒಂದು ಲೋಕ ಇದೆಯಲ್ಲಮ್ಮಾ... ಅವರಿಗೆ ನಿಮ್ಮ ಮಾತು ಕೇಳಿಸತ್ತಾ?"

ಇನ್ನೂ ನಾಲ್ಕು ಬೈಯೋಣ ಅಂತ ಬಾಯಿ ತೆಗೆದಿದ್ದ ಮಾಂಕಾಳಿ ತಾನು ಉಟ್ಟ ಲಂಗ ನೋಡ್ಕೊಂಡ್ಳು. ಅದರ ಹಸಿರು ಕೆಳಗಿನ ಲೋಕದ್ದು. ಅಲ್ಲಿ ಯಾವ ತಿಮ್ಮಿ ನಡುಗಿದ್ಳೋ.

"ನಾನು ವಾಪಸ್ ಕೊಡ್ತೀನಿ," ಅಂದ ಮಬ್ಬಯ್ಯ. "ನೀನು?"

"ನಂದು ಕೊಡ್ತೀನಿ ತಾತ. ರಾಜಂದು... ಜಗಳ ಆಡಿ ಕೊಡಿಸ್ತೀನಿ."

ಇನ್ಮೇಲೆ ಸುಮ್ಮನಿದ್ರೆ ಬೇಡ ಅಂತಾನೇ ಅರ್ಥ, ತಾನಾಗಿ ಕೊಟ್ಟದ್ದು ಮಾತ್ರ ನಮ್ಮದು ಅಂತ ಇಬ್ಬರೂ ಹೊಸ ಧರ್ಮ ಕಟ್ಟಿದ್ರು.

ಮಾಂಕಾಳಿ ಊರಿಗೆ ಬಂದು ಹೇಳಿದಾಗ ಮಲ್ಲರಸ ಲಬೋ ಲಬೋ ಅಂದ. "ಅರಮನೆ ಬೋಳಾಗತ್ತಲ್ಲೇ!"

"ಮಕ್ಕಳಿಲ್ಲದ ಊರಿಗೆ ಬಣ್ಣದ ಅರಮನೆ ಯಾಕೆ ಬುದ್ಧಿ?"

ರಾಜ ಕಿಟಕಿಯಿಂದ ಆ ಸಪ್ಪೆ ಮಕ್ಕಳನ್ನ ಒಂದು ಸಲ ನೋಡಿದ. ಆಮೇಲೆ ತನ್ನ ಕೈಯಾರೆ ಸಿಂಹಾಸನದ ಹಸಿರು ಸುಲಿದು ಕೆಳಗಿನ ಲೋಕಕ್ಕೆ ಇಳಿಸಿದ. ಊರೆಲ್ಲಾ ಅದನ್ನೇ ಮಾಡ್ತು. ಕೆಳಗಿಂದ ಗಾಳಿ ತರ ಏನೋ ಸದ್ದು ಬಂತು. ಹರಸಿದ್ರೋ, ಬೈದ್ರೋ, ಯಾರಿಗೂ ಗೊತ್ತಾಗಲಿಲ್ಲ. ಬೈದ್ರೂ ತಪ್ಪಿಲ್ಲ ಅನ್ನಿ.

ಅಷ್ಟರಲ್ಲಿ ಮೇಲಿಂದ ಕೆಂಪು ತುಂತುರು ಹನೀತು. ತಿಮ್ಮಿಯ ತುಟಿ ರಂಗೇರ್ತು. ಬಾಯಿ ಬಂದಿದ್ದೇ ತಡ, ಅಳು.

"ಅಕ್ಕಾ, ದಿನಾ ಒಳಗೊಳಗೇ ಬೇಡ ಬೇಡ ಅಂತಿದ್ದೆ ಕಣೇ. ನಿಂಗೂ ಕೇಳಿಸಲಿಲ್ವಾ?"

ಮಾಂಕಾಳಿ ತಂಗಿನ ಬಿಗಿಯಾಗಿ ಅಪ್ಪಿಕೊಂಡ್ಳು.

ಅಲ್ಲಿಂದ ಮುಂದಕ್ಕೆ ರಂಗುದುರ್ಗದೋರು ಸಪ್ಪೆ ಬಟ್ಟೆ ಉಟ್ಕೊಂಡು, ಮೇಲಿನೋರ ಜೊತೆಗೆ, ಕೆಳಗಿನೋರ ಜೊತೆಗೆ ಜಗಳ ಇಲ್ಲದೆ, ಹೊಟ್ಟೆ ತುಂಬಾ ನಕ್ಕೊಂಡು ಬಾಳಿದ್ರು.