ಎಡಕ್ಕೆ ಹೊಸೆದ ಎಕ್ಕದ ಹಗ್ಗ

ನಂಬಿದರೆ ನಂಬಿ, ಬಿಟ್ಟರೆ ಬಿಡಿ. ಇದು ನಡೆದದ್ದು ಹಾಡಹಗಲಲ್ಲಿ.

ನಮ್ಮ ಮನೆಯವರೆಲ್ಲ ಎಕ್ಕದ ನಾರಿನಿಂದ ಹಗ್ಗ ಹೊಸೆಯುತ್ತೇವೆ. ನನ್ನ ವಾರಗಿತ್ತಿ ಎಡಚಿ. ಎಲ್ಲರ ಹಗ್ಗದ ಹುರಿ ಬಲಕ್ಕೆ ತಿರುಗಿದರೆ ಅವಳದು ಎಡಕ್ಕೆ. ನಾರಿಗಾಗಿ ತೊಗಟೆ ಸುಲಿದು ಸುಲಿದು ಅವಳ ಎಡ ಹೆಬ್ಬೆರಳಿನಿಂದ ಎಕ್ಕದ ಹಾಲಿನ ಕಲೆ ಹೋದದ್ದೇ ಇಲ್ಲ. ಆದರೂ ಅತ್ತೆಯ ಬಾಯಲ್ಲಿ ಸದಾ ಅವಳದೇ ಹೊಗಳಿಕೆ. ಅವರ ಮಂಡಿನೋವಿಗೆ ನಾನು ಎಕ್ಕದ ಎಲೆ ಬಿಸಿ ಮಾಡಿ ಕಟ್ಟಿದರೆ, "ಅವಳ ಕೈಗುಣವೇ ಬೇರೆ ಬಿಡು" ಅನ್ನುತ್ತಿದ್ದರು. ನನಗೆ ಹೊಟ್ಟೆಯೊಳಗೆ ಬೆಂಕಿ ಇಟ್ಟಂತಾಗುತ್ತಿತ್ತು.

ಹೋದ ತಿಂಗಳು ಅವಳು ಜ್ವರ ಬಂದು ತೀರಿಕೊಂಡಳು. ಕಿಟಕಿ ಪಕ್ಕದ ಅವಳ ಜಾಗದಲ್ಲಿ ನಾನು ಕೂತೆ.

ನಿನ್ನೆ ಮಧ್ಯಾಹ್ನ, ಬಿಸಿಲಲ್ಲಿ ಒಣಗಿದ ನಾರು ಕೈಗೆ ತಣ್ಣಗೆ ತಾಕಿತು. ಎಂದಿನಂತೆ ಬಲಕ್ಕೇ ಹೊಸೆದೆ. ಮುಗಿಸಿ ನೋಡಿದರೆ ಹುರಿಯೆಲ್ಲ ಎಡಕ್ಕೆ. ಬಿಚ್ಚಿ ಮತ್ತೆ ಹೊಸೆದೆ, ಮತ್ತೆ ಎಡಕ್ಕೇ.

ಸಂಜೆ ಕಾದ ಹೆಂಚಿನಿಂದ ತೆಗೆದ ಎಲೆಯೂ ನನ್ನ ಕೈಗೆ ತಣ್ಣಗಿತ್ತು. ಹಾಗೇ ಅತ್ತೆಯ ಮಂಡಿಗೆ ಕಟ್ಟಿದೆ. ಅವರು ಕಣ್ಣು ಮುಚ್ಚಿಕೊಂಡು, "ಎಷ್ಟು ಬೆಚ್ಚಗಿದೆ ಕಣೇ. ಈಗ ಬಂತು ನೋಡು ನಿನ್ನ ಕೈಗೆ ಗುಣ" ಎಂದು ಮೊದಲ ಸಲ ನನ್ನ ತಲೆ ಸವರಿದರು.

ಸತ್ತ ಮೇಲೂ ಹೊಗಳಿಸಿಕೊಳ್ಳುತ್ತಾಳಲ್ಲ ಎಂದು ಹಲ್ಲು ಕಚ್ಚಿಕೊಂಡು ಕೈ ತೊಳೆಯಲು ಹೋದೆ. ನಾನು ತೊಗಟೆ ಸುಲಿಯುವುದು ಬಲಗೈಯಲ್ಲಿ. ಆದರೆ ಬಲ ಹೆಬ್ಬೆರಳು ಚೊಕ್ಕವಾಗಿತ್ತು. ಕಲೆ ಇದ್ದದ್ದು ಎಡ ಹೆಬ್ಬೆರಳಿನಲ್ಲಿ. ಸೋಪು ಸವೆಯುವಷ್ಟು ಉಜ್ಜಿದರೂ ಹೋಗಲಿಲ್ಲ.

ಇವತ್ತು ಬೆಳಿಗ್ಗೆ ಅತ್ತೆ ಮತ್ತೆ ತಲೆ ಸವರಿದರು. ಆಮೇಲೆ ಉಜ್ಜುವುದನ್ನು ಬಿಟ್ಟಿದ್ದೇನೆ.