ಸುರಂಗ ನುಂಗಿದ ಮಾತು

"ಒಂದೇ ಒಂದು ಮಾತು ಹೇಳಿ. ನಾನು ಹೋಗಲಾ, ಬೇಡ್ವಾ?"

ಟ್ಯಾಕ್ಸಿಯಿಂದ ಫೋನ್ ಮಾಡಿ ಅವನು ಕೇಳಿದಾಗ ಅವಳು ಫೋನನ್ನು ಕಿವಿಗೊತ್ತಿಕೊಂಡಳು. ಎರಡು ವರ್ಷ ಎದೆಯಲ್ಲೇ ಬಚ್ಚಿಟ್ಟಿದ್ದನ್ನು ಈಗಲೂ ಹೇಳದಿದ್ದರೆ ಇನ್ಯಾವಾಗ? ಕಣ್ಣುಮುಚ್ಚಿ ಹೇಳಿಬಿಟ್ಟಳು.

"ನೀವು ಹೋಗೋದು ನನಗೆ ಇಷ್ಟ ಇಲ್ಲ."

ಕಣ್ಣು ತೆರೆದು ನೋಡಿದಳು. ಫೋನ್ ಕಟ್ಟಾಗಿತ್ತು...

ಅವಳು ಕೂತಿದ್ದು ಊರಿನಿಂದ ವಿಮಾನ ನಿಲ್ದಾಣಕ್ಕೆ ಸಮುದ್ರದಡಿ ಸಾಗುವ ಸುರಂಗ ರಸ್ತೆಯ ಕಂಟ್ರೋಲ್ ರೂಮಿನಲ್ಲಿ. ಎದುರಿಗೆ ಕ್ಯಾಮೆರಾ ಪರದೆಗಳು, ಕೈಗೆಟಕುವಂತೆ ಮೈಕು. ನಾಲ್ಕು ಜನರೆದುರು ಬಾಯಿಬಿಡದವಳ ದನಿಯನ್ನು ದಿನವೂ ಸಾವಿರಾರು ಜನ ಕೇಳುತ್ತಿದ್ದರು: ಎಡಕ್ಕೆ ಬನ್ನಿ, ನಿಧಾನವಾಗಿ ಚಲಿಸಿ.

ಅವನು ಅಲ್ಲಿಯ ನೀರೆತ್ತುವ ಪಂಪುಗಳ ಮೆಕ್ಯಾನಿಕ್. ಮೊದಲ ದಿನ ಮೈಯೆಲ್ಲ ಗ್ರೀಸ್ ಬಳಿದುಕೊಂಡು ಬಂದವನು, ತನ್ನನ್ನು ದಿನಾ ಎಡಕ್ಕೆ ತಳ್ಳೋರು ನೀವೇನಾ ಎಂದು ಕಾಲೆಳೆದಿದ್ದ. ಅಂದೇ ಅವಳು ಮನಸೋತಿದ್ದಳು. ಈಗ ಅವನಿಗೆ ದೂರದೇಶದ ಇನ್ನೊಂದು ಸುರಂಗದಲ್ಲಿ ಐದು ವರ್ಷದ ಕೆಲಸ.

ಏಳನೇ ಪರದೆಯಲ್ಲಿ ಅವನು ಕಂಡ. ಮುಂದೆ ಲಾರಿಯೊಂದು ಕೆಟ್ಟು, ವಾಹನಗಳೆಲ್ಲ ನಿಂತಿದ್ದವು. ಟ್ಯಾಕ್ಸಿಯ ಹಿಂದಿನ ಸೀಟಿನಲ್ಲಿ ಫೋನನ್ನೇ ನೋಡುತ್ತಿದ್ದವನು, ಸರಿ ಬಿಡು ಎನ್ನುವಂತೆ ಮೆಲ್ಲಗೆ ತಲೆಯಾಡಿಸಿ ಕಣ್ಣೊರೆಸಿಕೊಂಡ.

ಆಗ ಅವಳಿಗೆ ಹೊಳೆಯಿತು. ಸುರಂಗದ ಬಾಯಿ ದಾಟಿದರೆ ಫೋನ್ ಸಿಗುವುದಿಲ್ಲ! ಅವನಿಗೆ ಕೇಳಿಸಿದ್ದು 'ಇಷ್ಟ' ಎನ್ನುವವರೆಗೆ ಮಾತ್ರ. 'ಇಲ್ಲ'ವನ್ನು ಸುರಂಗ ನುಂಗಿತ್ತು.

ಮತ್ತೆ ಮತ್ತೆ ಕರೆ ಮಾಡಿದಳು. ಸಿಗಲಿಲ್ಲ. ಪರದೆಯಲ್ಲಿ ಲಾರಿಯನ್ನು ಆಗಲೇ ಎಳೆಯತೊಡಗಿದ್ದರು. ಹೋಗಿಬಿಡ್ತಾನೆ... ನಾನೇ ಕಳಿಸಿದೆ ಅಂದುಕೊಂಡೇ ಹೋಗಿಬಿಡ್ತಾನೆ...

ಮೈಕಿನಲ್ಲಿ ಸ್ವಂತ ಮಾತಾಡಿದರೆ ಕೆಲಸ ಹೋಗುತ್ತದೆಂದು ಪಕ್ಕದಲ್ಲೇ ಕೂತಿದ್ದ ಸೂಪರ್‌ವೈಸರ್ ಅಕ್ಕ ಎಂದೋ ಎಚ್ಚರಿಸಿದ್ದರು. ಆದರೂ ಅವಳು ಮೈಕಿನ ಗುಂಡಿ ಒತ್ತಿದಳು.

"ಇಲ್ಲ."

ಆ ಒಂದು ಪದ ಸುರಂಗದುದ್ದಕ್ಕೂ ಮೊಳಗಿತು. ಚಾಲಕರು ಮುಖ ಮುಖ ನೋಡಿಕೊಂಡರು. ಏನಮ್ಮಾ ಇಲ್ಲ, ಎಂದು ಅಕ್ಕ ಗಾಬರಿಯಾದರು. ಅವಳು ಪರದೆಯಿಂದ ಕಣ್ಣು ಕೀಳಲಿಲ್ಲ.

ಅವನು ತಲೆಯೆತ್ತಿದ. ಕೂಡಿಸಿ ಓದುವವನಂತೆ ತುಟಿ ಅಲುಗಿತು. ಬಾಗಿಲು ತೆರೆದು ಗೋಡೆಯ ತುರ್ತು ಫೋನಿನತ್ತ ಓಡಿದ. ಅವಳ ಮೇಜಿನ ಕೆಂಪು ಫೋನ್ ಬಡಿದುಕೊಂಡಿತು.

"ಏನು ತೊಂದರೆ ಹೇಳಿ," ಎಂದಳು ಅಭ್ಯಾಸಬಲದಿಂದ, ಅಳುತ್ತಲೇ.

"ತುಂಡು ತುಂಡು ಬೇಡ. ಪೂರ್ತಿ ಹೇಳಿ."

"ನೀನು ಹೋಗೋದು ನನಗೆ ಇಷ್ಟ ಇಲ್ಲ ಕಣೋ."

ಬೈಯಲು ತೆರೆದ ಅಕ್ಕನ ಬಾಯಿ ಹಾಗೇ ಉಳಿಯಿತು. ಪರದೆಯಲ್ಲಿ ಅವನು ಕ್ಯಾಮೆರಾದತ್ತ ತಿರುಗಿದ.

"ಹಾಗಾದ್ರೆ ಎಲ್ಲಿಗೆ ಬರಲಿ?"

"ಎಡಕ್ಕೆ ಬಾ," ಎಂದಳು.